ಮರುಭೂಮಿಯ ನಟಿ, ಮಾಸ್ಕೋದ ಕಡತ: ತುರ್ಕಮೆನ್ ಸಿನಿಮಾ ಕಲಾವಿದರ ಬದುಕು ಹೇಗೆ ನಡೆಯುತ್ತಿತ್ತು?

ತುರ್ಕಮೆನಿಸ್ತಾನ ನಮ್ಮ ಪತ್ರಿಕೆಗಳಲ್ಲಿ ಕಾಣಿಸಿಕೊಳ್ಳುವುದು ಎರಡೇ ಕಾರಣಕ್ಕೆ. ಒಂದು, ಅಲ್ಲಿಂದ ಅಫ್ಘಾನಿಸ್ತಾನ, ಪಾಕಿಸ್ತಾನ ದಾಟಿ ಭಾರತಕ್ಕೆ ಬರಬೇಕಿರುವ ಟಾಪಿ ಅನಿಲ ಕೊಳವೆಮಾರ್ಗ. ಇನ್ನೊಂದು, ದಶಕಗಳಿಂದ ಉರಿಯುತ್ತಲೇ ಇರುವ ದರ್ವಾಝಾದ ಬೆಂಕಿಗುಂಡಿ. ಆ ದೇಶಕ್ಕೊಂದು ಸಿನಿಮಾ ಪರಂಪರೆ ಇತ್ತು ಎಂಬುದು ಹೆಚ್ಚಿನವರಿಗೆ ಗೊತ್ತಿಲ್ಲ. ಈಗ ಹಳೆಯ ಸೋವಿಯತ್ ಚಿತ್ರಗಳು ಅಂತರ್ಜಾಲದಲ್ಲಿ ಒಂದೊಂದಾಗಿ ಸಿಗುತ್ತಿವೆ. ರಷ್ಯನ್ ಚಿತ್ರ ಹುಡುಕಿಕೊಂಡು ಹೋದವರು ಮಧ್ಯ ಏಷ್ಯಾದ ಮುಖಗಳನ್ನು ಕಂಡು, ಇವರು ಯಾರು ಎಂದು ಕೇಳತೊಡಗಿದ್ದಾರೆ.

ಅಂಥ ಮುಖಗಳಲ್ಲಿ ಒಂದು ಮಾಯಾ-ಗೋಝೆಲ್ ಐಮೆದೊವಾ ಅವರದು. 1941ರಲ್ಲಿ ಹುಟ್ಟಿದ ಈ ನಟಿ 1972ರ ‘ಸೊಸೆ’ ಚಿತ್ರದಿಂದ ಇಡೀ ಸೋವಿಯತ್ ಒಕ್ಕೂಟಕ್ಕೆ ಪರಿಚಿತರಾದರು. ಮರುವರ್ಷವೇ ಆ ಪಾತ್ರಕ್ಕೆ ಸೋವಿಯತ್ ರಾಜ್ಯ ಪ್ರಶಸ್ತಿ ಬಂತು. ನಮ್ಮಲ್ಲಾಗಿದ್ದರೆ ಇಷ್ಟಾದ ಮೇಲೆ ನಟಿಯ ಮನೆ ಮುಂದೆ ನಿರ್ಮಾಪಕರು ಸಾಲುಗಟ್ಟುತ್ತಿದ್ದರು. ಇವರ ಚಿತ್ರಗಳ ಪಟ್ಟಿ ನೋಡಿದರೆ ಎರಡು ಮೂರು ವರ್ಷಕ್ಕೊಂದು ದೊಡ್ಡ ಪಾತ್ರ, 1990ರ ಹೊತ್ತಿಗೆ ಹೆಚ್ಚುಕಡಿಮೆ ಪೂರ್ಣವಿರಾಮ. ಹೀಗೇಕೆ ಎಂದು ತಿಳಿಯಬೇಕಾದರೆ ಅಲ್ಲಿ ಸಿನಿಮಾಕ್ಕೆ ದುಡ್ಡು ಹಾಕುತ್ತಿದ್ದವರು ಯಾರು ಎಂಬಲ್ಲಿಂದ ಶುರುಮಾಡಬೇಕು.

ಗಣರಾಜ್ಯಕ್ಕೊಂದು ಸ್ಟುಡಿಯೊ

ಸೋವಿಯತ್ ಒಕ್ಕೂಟದಲ್ಲಿ ಹದಿನೈದು ಗಣರಾಜ್ಯಗಳಿದ್ದವು. ಪ್ರತಿಯೊಂದಕ್ಕೂ ಅದರದೇ ಚಿತ್ರ ಸ್ಟುಡಿಯೊ ಇರಬೇಕು ಎಂಬುದು ಸರ್ಕಾರದ ನೀತಿ. ಧರ್ಮೇಂದ್ರ, ಹೇಮಾಮಾಲಿನಿ, ಜೀನತ್ ಅಮಾನ್ ನಟಿಸಿದ 1980ರ ಅಲಿಬಾಬಾ ಚಿತ್ರವನ್ನು ನೋಡಿದವರಿಗೆ ಉಜ್ಬೆಕ್‌ಫಿಲ್ಮ್ ಎಂಬ ಹೆಸರು ನೆನಪಿರಬಹುದು. ಅದು ಉಜ್ಬೆಕಿಸ್ತಾನದ ಸ್ಟುಡಿಯೊ. ಪಕ್ಕದ ತುರ್ಕಮೆನ್ ಗಣರಾಜ್ಯದ್ದು ತುರ್ಕಮೆನ್‌ಫಿಲ್ಮ್. ರಾಜಧಾನಿ ಅಶ್ಗಾಬಾತ್‌ನಲ್ಲಿ 1926ರಲ್ಲಿ ಶುರುವಾಯಿತು.

ದೇಶದ ಬಹುಪಾಲು ನೆಲ ಕರಾಕುಮ್ ಮರುಭೂಮಿ. ಕುರಿ, ಒಂಟೆ, ಕುದುರೆ ಸಾಕುತ್ತ ಬಂದ ಜನ. ಅಂಥಲ್ಲಿ ಸ್ಟುಡಿಯೊ ಕಟ್ಟಿದ್ದು ಮಾರುಕಟ್ಟೆಯ ಲೆಕ್ಕ ಹಾಕಿ ಅಲ್ಲ. ಹೊಸ ಆಡಳಿತದ ವಿಚಾರಗಳನ್ನು ಓದುಬರಹ ಬಾರದವರಿಗೂ ಮುಟ್ಟಿಸುವುದು ಮೊದಲ ಉದ್ದೇಶ. ಹಾಗಾಗಿ ಆರಂಭದ ದಶಕಗಳ ಚಿತ್ರಗಳಲ್ಲಿ ಸಾಮೂಹಿಕ ಬೇಸಾಯ, ಹೆಣ್ಣುಮಕ್ಕಳ ಓದು, ಹಳೆಯ ಜಮೀನ್ದಾರರ ವಿರುದ್ಧದ ಹೋರಾಟ, ಇವೇ ಕಥೆಗಳು.

ಈ ಸ್ಟುಡಿಯೊದ ಇತಿಹಾಸದಲ್ಲಿ ಒಂದು ವಿಚಿತ್ರ ಅಧ್ಯಾಯವಿದೆ. ಎರಡನೇ ಮಹಾಯುದ್ಧದಲ್ಲಿ ಜರ್ಮನ್ ಸೇನೆ ಉಕ್ರೇನಿಗೆ ನುಗ್ಗಿದಾಗ ಕೀವ್ ನಗರದ ಚಿತ್ರ ಸ್ಟುಡಿಯೊವನ್ನು ಎತ್ತಿ ಅಶ್ಗಾಬಾತ್‌ಗೆ ಸಾಗಿಸಲಾಯಿತು. ಮಾರ್ಕ್ ದೊನ್‌ಸ್ಕೊಯ್ ಎಂಬ ನಿರ್ದೇಶಕ ಅಲ್ಲಿ ‘ಕಾಮನಬಿಲ್ಲು’ ಎಂಬ ಯುದ್ಧಚಿತ್ರ ತೆಗೆದರು. ಕಥೆ ನಡೆಯುವುದು ಉಕ್ರೇನಿನ ಹೆಪ್ಪುಗಟ್ಟಿದ ಹಳ್ಳಿಯಲ್ಲಿ, ಶೂಟಿಂಗ್ ನಡೆದದ್ದು ಮಧ್ಯ ಏಷ್ಯಾದ ಬಿರುಬೇಸಿಗೆಯಲ್ಲಿ. ಹತ್ತಿ, ಉಪ್ಪು ಹರಡಿ ಹಿಮ ಮಾಡಿದರು. ನಟರು ತುಪ್ಪಳದ ಕೋಟು, ಕಂಬಳಿ ಬೂಟು ತೊಟ್ಟು, ಬೆವರು ಒರೆಸಿಕೊಳ್ಳುತ್ತ, ಕ್ಯಾಮೆರಾದ ಮುಂದೆ ಚಳಿಗೆ ನಡುಗಿದರು. ಸ್ಥಳೀಯ ಕಲಾವಿದರಿಗೂ ತಂತ್ರಜ್ಞರಿಗೂ ದೊಡ್ಡ ಸ್ಟುಡಿಯೊ ಹೇಗೆ ಕೆಲಸ ಮಾಡುತ್ತದೆ ಎಂದು ಹತ್ತಿರದಿಂದ ನೋಡುವ ಅವಕಾಶ ಸಿಕ್ಕಿದ್ದು ಹೀಗೆ.

1948ರ ಅಕ್ಟೋಬರ್ 6ರ ನಸುಕಿಗೆ ಮುಂಚೆ ಅಶ್ಗಾಬಾತ್ ಭೂಕಂಪದಲ್ಲಿ ನೆಲಕಚ್ಚಿತು. ತೀವ್ರತೆ 7.3. ಜನ ಮಲಗಿದ್ದ ಹೊತ್ತು, ಮಣ್ಣಿನ ಇಟ್ಟಿಗೆಯ ಮನೆಗಳು. ಸತ್ತವರ ಲೆಕ್ಕವನ್ನು ಸೋವಿಯತ್ ಸರ್ಕಾರ ಬಹುಕಾಲ ಹೊರಗೆ ಬಿಡಲೇ ಇಲ್ಲ. ಸ್ಟುಡಿಯೊವೂ ಉಳಿಯಲಿಲ್ಲ. ಮತ್ತೆ ಎದ್ದು ಕೂರಲು ವರ್ಷಗಳೇ ಹಿಡಿದವು.

ನಟನಿಗೆ ಸಂಬಳ ಕೊಡುತ್ತಿದ್ದವರು ಯಾರು?

ಇಲ್ಲಿ ಗೋಸ್ಕಿನೊ ಎಂಬ ಹೆಸರನ್ನು ನೆನಪಿಟ್ಟುಕೊಳ್ಳಬೇಕು. ಮಾಸ್ಕೋದಲ್ಲಿದ್ದ ಸರ್ಕಾರಿ ಚಲನಚಿತ್ರ ಸಮಿತಿ ಅದು. ಯಾವ ಸ್ಟುಡಿಯೊ ಈ ವರ್ಷ ಎಷ್ಟು ಚಿತ್ರ ಮಾಡಬೇಕು, ಯಾವ ವಿಷಯದ ಮೇಲೆ ಮಾಡಬೇಕು ಎಂಬ ಯೋಜನೆಗೆ ಅದರ ಒಪ್ಪಿಗೆ ಬೇಕು. ಚಿತ್ರಕಥೆ ಮೊದಲು ಸ್ಟುಡಿಯೊದ ಕಲಾ ಮಂಡಳಿಗೆ, ಆಮೇಲೆ ಗಣರಾಜ್ಯದ ಸಮಿತಿಗೆ, ಕೊನೆಗೆ ಮಾಸ್ಕೋಗೆ. ತಯಾರಾದ ಚಿತ್ರ ಮತ್ತೆ ಅದೇ ಮೆಟ್ಟಿಲು ಹತ್ತಬೇಕು. ಅಲ್ಲಿ ಚಿತ್ರಕ್ಕೊಂದು ದರ್ಜೆ ಸಿಗುತ್ತಿತ್ತು. ಎಷ್ಟು ಪ್ರಿಂಟ್ ಹಾಕಿಸಬೇಕು, ಯಾವ ಊರುಗಳ ಪರದೆಗೆ ಹೋಗಬೇಕು, ತಂಡಕ್ಕೆ ಎಷ್ಟು ಸಂಭಾವನೆ ಎಂಬುದೆಲ್ಲ ಆ ದರ್ಜೆಯ ಮೇಲೆ.

ಇದನ್ನು ನಮ್ಮ ನ್ಯಾಯಬೆಲೆ ಅಂಗಡಿಗೆ ಹೋಲಿಸಬಹುದು. ಬೆಲೆ ಕಡಿಮೆ, ಹಳ್ಳಿಹಳ್ಳಿಗೂ ತಲುಪುತ್ತದೆ, ಬಡವನಿಗೂ ಸಿಗುತ್ತದೆ. ಆದರೆ ಏನು ಬರಬೇಕು, ಎಷ್ಟು ಬರಬೇಕು ಎಂದು ತೀರ್ಮಾನಿಸುವವರು ಕಾರ್ಡುದಾರರಲ್ಲ, ಅಂಗಡಿಯವನೂ ಅಲ್ಲ. ಗೋದಾಮಿನಿಂದ ಲಾರಿ ಬರದಿದ್ದರೆ ಸಾಲಿನಲ್ಲಿ ಎಷ್ಟೇ ಜನ ನಿಂತಿದ್ದರೂ ಬಾಗಿಲು ಹಾಕಲೇಬೇಕು.

ನಟನ ಲೆಕ್ಕವೂ ಇದರೊಳಗೇ. ಚಿತ್ರ ಎಷ್ಟು ಗಳಿಸಿತು ಎನ್ನುವುದಕ್ಕೂ ನಟನ ಜೇಬಿಗೂ ನೇರ ಸಂಬಂಧವಿರಲಿಲ್ಲ. ಪ್ರತಿ ಕಲಾವಿದನಿಗೂ ಒಂದು ವರ್ಗ ಗೊತ್ತುಮಾಡುತ್ತಿದ್ದರು, ಆ ವರ್ಗಕ್ಕೆ ತಕ್ಕಂತೆ ಶೂಟಿಂಗ್‌ನ ದಿನಕ್ಕೆ ಇಷ್ಟು ರೂಬಲ್. ತಿಂಗಳ ಖಾತ್ರಿ ಸಂಬಳ ಬರುತ್ತಿದ್ದುದು ಹೆಚ್ಚಾಗಿ ರಂಗಭೂಮಿಯಿಂದ. ಅಶ್ಗಾಬಾತ್‌ನ ಮೊಲ್ಲಾನೆಪೆಸ್ ನಾಟಕಶಾಲೆಯಂಥ ಸರ್ಕಾರಿ ರಂಗಮಂದಿರಗಳಲ್ಲಿ ನೌಕರಿ, ಚಿತ್ರ ಬಂದಾಗ ರಜೆ ಹಾಕಿ ಮರುಭೂಮಿಗೆ ಪಯಣ. ತುರ್ಕಮೆನ್‌ಫಿಲ್ಮ್ ವರ್ಷಕ್ಕೆ ಮಾಡುತ್ತಿದ್ದ ಕಥಾಚಿತ್ರಗಳು ಕೈಬೆರಳೆಣಿಕೆಯಷ್ಟು. ಐಮೆದೊವಾ ಅವರ ಪಟ್ಟಿ ಚಿಕ್ಕದಾಗಿ ಕಾಣುವುದಕ್ಕೆ ಮೊದಲ ಕಾರಣ ಇದು. ಅವರಿಗೆ ಬೇಡಿಕೆ ಇರಲಿಲ್ಲವೆಂದಲ್ಲ, ಮಾಡಲು ಚಿತ್ರಗಳೇ ಇರಲಿಲ್ಲ.

ಇನ್ನೊಂದು ಪದ ‘ಜನತಾ ಕಲಾವಿದ’. ಇದು ಸರ್ಕಾರ ಕೊಡುತ್ತಿದ್ದ ಬಿರುದು. ಗಣರಾಜ್ಯದ ಮಟ್ಟದ್ದು ಬೇರೆ, ಇಡೀ ಒಕ್ಕೂಟದ್ದು ಬೇರೆ. ಎರಡನೆಯದು ಕಲಾವಿದರಿಗೆ ಸಿಗುತ್ತಿದ್ದ ಅತಿ ದೊಡ್ಡ ಬಿರುದು. ಬರಿ ಶಾಲು ಹಾರದ ಗೌರವವಲ್ಲ ಇದು. ಸಂಭಾವನೆಯ ದರ, ಪಿಂಚಣಿ, ಒಳ್ಳೆಯ ಫ್ಲ್ಯಾಟು, ಎಲ್ಲ ಇದರ ಹಿಂದೆ ಬರುತ್ತಿದ್ದವು. ಪ್ರೇಕ್ಷಕರ ಶಿಳ್ಳೆಗಿಂತ ಈ ಕಾಗದದ ತೂಕ ಹೆಚ್ಚು.

ಮೊದಲ ತಲೆಮಾರು: ಅಲ್ತಿ ಕಾರ್ಲಿಯೆವ್

ಐಮೆದೊವಾ ಅವರಿಗಿಂತ ಹಿಂದಿನ ತಲೆಮಾರನ್ನು ತಿಳಿಯಲು ಅಲ್ತಿ ಕಾರ್ಲಿಯೆವ್ (1909-1973) ಅವರೊಬ್ಬರನ್ನು ನೋಡಿದರೆ ಸಾಕು. ರಂಗಭೂಮಿಯಿಂದ ಬಂದ ನಟ. 1948ರ ‘ದೂರದ ವಧು’ ಎಂಬ ಹಾಡು-ಹಾಸ್ಯದ ಚಿತ್ರದಲ್ಲಿ ನಟಿಸಿದರು. ಯುದ್ಧ ಮುಗಿಸಿ ಬಂದ ರಷ್ಯನ್ ಕೊಸಾಕ್ ಯೋಧ ತುರ್ಕಮೆನ್ ಹುಡುಗಿಯನ್ನು ಅರಸಿ ಬರುವ, ಕುದುರೆಗಳೇ ತುಂಬಿರುವ, ಜನಾಂಗಗಳ ಸ್ನೇಹವನ್ನು ಸಾರುವ ಕಥೆ. ಸ್ಟಾಲಿನ್ ಕಾಲಕ್ಕೆ ಬೇಕಾಗಿದ್ದುದು ಇಂಥದೇ ಚಿತ್ರ. ಊರು ಕುಸಿದದ್ದೂ ಅದೇ ವರ್ಷ. ಆ ವರ್ಷದ ಅಶ್ಗಾಬಾತನ್ನು ಒಕ್ಕೂಟದ ಪ್ರೇಕ್ಷಕರು ನೆನಪಿಟ್ಟುಕೊಂಡದ್ದು ನಗುವ ಚಿತ್ರದಿಂದ.

1955ರಲ್ಲಿ ಕಾರ್ಲಿಯೆವ್ ಒಕ್ಕೂಟದ ಜನತಾ ಕಲಾವಿದರಾದರು. ಆಮೇಲೆ ನಿರ್ದೇಶನದ ಕಡೆ ಹೊರಳಿದರು. ಬೆರ್ದಿ ಕೆರ್ಬಾಬಾಯೆವ್ ಅವರ ಕಾದಂಬರಿ ಆಧರಿಸಿ 1965ರಲ್ಲಿ ‘ನಿರ್ಣಾಯಕ ಹೆಜ್ಜೆ’ ತೆಗೆದರು; ಕ್ರಾಂತಿಯ ಕಾಲದಲ್ಲಿ ಎತ್ತ ನಿಲ್ಲಬೇಕೆಂದು ತೊಳಲಾಡುವ ಆರ್ತಿಕ್ ಎಂಬ ರೈತನ ಪಾತ್ರದಲ್ಲಿ ಬಾಬಾ ಅನ್ನಾನೊವ್ ಹೆಸರು ಮಾಡಿದರು. 1968ರಲ್ಲಿ ಹದಿನೆಂಟನೇ ಶತಮಾನದ ತುರ್ಕಮೆನ್ ಕವಿ ಮಖ್ತುಮ್‌ಕುಲಿಯ ಬದುಕನ್ನು ಚಿತ್ರ ಮಾಡಿದರು. ಕಾರ್ಲಿಯೆವ್ ತೀರಿಕೊಂಡ ಮೇಲೆ ಸ್ಟುಡಿಯೊಕ್ಕೆ ಅವರ ಹೆಸರನ್ನೇ ಇಟ್ಟರು.

ಈ ಒಬ್ಬ ಮನುಷ್ಯನ ಜೀವಿತಾವಧಿಯಲ್ಲಿ ಅವರ ಭಾಷೆ ಮೂರು ಲಿಪಿ ಕಂಡಿತು. ಬಾಲ್ಯದಲ್ಲಿ ಅರಬಿ, 1920ರ ದಶಕದ ಕೊನೆಗೆ ಲ್ಯಾಟಿನ್, 1940ರಿಂದ ರಷ್ಯನ್ನರ ಸಿರಿಲಿಕ್. ಅಜ್ಜ ಓದಿದ ಪೋಸ್ಟರನ್ನು ಮೊಮ್ಮಗ ಓದಲಾರ. ನಟನ ಹೆಸರು ಜನರ ನೆನಪಿನಲ್ಲಿ ಉಳಿಯಬೇಕಾದರೆ ಪರದೆಯ ಮೇಲಿನ ಮುಖವೇ ಗತಿ.

1960ರ ದಶಕ: ಮಾಸ್ಕೋದಲ್ಲಿ ಕಲಿತ ಹುಡುಗರು

ಸ್ಟಾಲಿನ್ ನಂತರ ಹಿಡಿತ ಒಂದಿಷ್ಟು ಸಡಿಲವಾಯಿತು. ಗಣರಾಜ್ಯಗಳಿಂದ ಹುಡುಗ ಹುಡುಗಿಯರನ್ನು ಆರಿಸಿ ಮಾಸ್ಕೋಗೆ ಕಳಿಸಿ ಓದಿಸುವ ಪದ್ಧತಿ ಇತ್ತು. ನಿರ್ದೇಶನ, ಛಾಯಾಗ್ರಹಣ ಕಲಿಯುವವರು ವ್‌ಗಿಕ್ ಎಂಬ ಚಲನಚಿತ್ರ ಸಂಸ್ಥೆಗೆ. ರಂಗನಟನೆ ಕಲಿಯುವವರು ಗಿಟಿಸ್ ಎಂಬ ನಾಟಕ ಸಂಸ್ಥೆಗೆ. ಒಂದೇ ಭಾಷೆಯವರನ್ನು ಒಂದು ತಂಡವಾಗಿ ಸೇರಿಸಿಕೊಂಡು, ಓದು ಮುಗಿದ ಮೇಲೆ ತಂಡ ಸಮೇತ ಊರಿನ ರಂಗಮಂದಿರಕ್ಕೆ ವಾಪಸು ಕಳಿಸುತ್ತಿದ್ದರು. ಐಮೆದೊವಾ ಗಿಟಿಸ್‌ನಲ್ಲಿ ಕಲಿತವರು. ಅವರನ್ನು ಮುಂದೆ ನಿರ್ದೇಶಿಸಿದ ಖೋಜಾಕುಲಿ ನಾರ್ಲಿಯೆವ್ ವ್‌ಗಿಕ್‌ನಲ್ಲಿ ಛಾಯಾಗ್ರಹಣ ಕಲಿತವರು.

1963ರಲ್ಲಿ ಬುಲಾತ್ ಮನ್ಸೂರೊವ್ ನಿರ್ದೇಶಿಸಿ, ನಾರ್ಲಿಯೆವ್ ಛಾಯಾಗ್ರಹಣ ಮಾಡಿದ ‘ಸ್ಪರ್ಧೆ’ ಚಿತ್ರ ಹೊಸ ತಲೆಮಾರು ಬಂದಿದೆ ಎಂದು ಸಾರಿತು. ಶುಕುರ್ ಒಬ್ಬ ಬಹ್ಷಿ, ಅಂದರೆ ಊರೂರು ತಿರುಗುವ ಗಾಯಕ. ಶತ್ರುವಿನ ಸೆರೆಯಲ್ಲಿರುವ ಅವನ ಸಹೋದರನನ್ನು ಬಿಡಿಸಲು ಜನ ಕತ್ತಿ ಹಿರಿಯುತ್ತಾರೆ. ಶುಕುರ್ ಎರಡು ತಂತಿಯ ಡುತಾರ್ ಹಿಡಿದು ಒಬ್ಬನೇ ಹೊರಡುತ್ತಾನೆ, ಖಾನನ ಆಸ್ಥಾನ ಸಂಗೀತಗಾರನ ಜೊತೆ ಪೈಪೋಟಿಗೆ ಕೂರುತ್ತಾನೆ. ಘೋಷಣೆ ಇಲ್ಲ, ಟ್ರ್ಯಾಕ್ಟರ್ ಇಲ್ಲ. ಮಾತಿಗಿಂತ ನೋಟ, ಮರಳು, ನಾದ ಮುಖ್ಯ. ತುರ್ಕಮೆನ್ ನಟರಿಗೆ ಇದು ಬೇರೆ ಬಗೆಯ ಅಭಿನಯವನ್ನು ಕೇಳಿತು.

‘ಸೊಸೆ’ ಮತ್ತು ಬಾಯಿ ಮುಚ್ಚಿದ ಅಭಿನಯ

ನಾರ್ಲಿಯೆವ್ ನಿರ್ದೇಶನದ ‘ಸೊಸೆ’ಯ ಕಥೆ ಎರಡು ಸಾಲಿನಲ್ಲಿ ಮುಗಿಯುತ್ತದೆ. ಓಗುಲ್‌ಕೆಯಿಕ್ ಎಂಬವಳ ಗಂಡ ಮುರಾದ್ ವಿಮಾನ ಚಾಲಕ, ಯುದ್ಧಕ್ಕೆ ಹೋದವನು ಮರಳಲಿಲ್ಲ. ಅವಳು ಮರುಭೂಮಿಯಲ್ಲಿ ಕುರಿ ಕಾಯುತ್ತ, ಮುದಿ ಮಾವನನ್ನು ನೋಡಿಕೊಳ್ಳುತ್ತ, ಅವನು ಬರುತ್ತಾನೆ ಎಂದು ಕಾಯುತ್ತಾಳೆ. ಮಾವ ಅನ್ನಾ-ಆಗಾ ಪಾತ್ರದಲ್ಲಿ ಖೋಜಾನ್ ಒವೆಜ್‌ಗೆಲೆನೊವ್.

ಈ ಚಿತ್ರದ ಅಭಿನಯ ಅರ್ಥವಾಗಬೇಕಾದರೆ ಅಲ್ಲಿನ ಒಂದು ಪದ್ಧತಿ ಗೊತ್ತಿರಬೇಕು. ಹಳೆಯ ತುರ್ಕಮೆನ್ ಕುಟುಂಬಗಳಲ್ಲಿ ಮದುವೆಯಾಗಿ ಬಂದ ಹೆಣ್ಣು ಮಾವನ ಎದುರು ಮಾತಾಡುವಂತಿಲ್ಲ. ತಲೆವಸ್ತ್ರದ ಅಂಚನ್ನು ಎಳೆದು ಬಾಯಿಗೆ ಅಡ್ಡ ಹಿಡಿಯಬೇಕು, ಕೈಯಲ್ಲಿ ಕೆಲಸವಿದ್ದರೆ ಅದರ ತುದಿಯನ್ನು ಹಲ್ಲಿನಲ್ಲಿ ಕಚ್ಚಿಕೊಳ್ಳಬೇಕು. ಇದಕ್ಕೆ ಯಾಷ್ಮಾಕ್ ಎನ್ನುತ್ತಾರೆ. ಮಾವ-ಸೊಸೆ ಇಬ್ಬರೇ ಇರುವ ಮನೆಯಲ್ಲಿ ಇಂಥ ಪದ್ಧತಿ ಎಂದರೆ ದಿನವಿಡೀ ಮೌನ ಎಂದೇ ಅರ್ಥ. ಅಲ್ಲಿ ಹೆಣ್ಣೊಬ್ಬಳು ಸಿಟ್ಟು, ದುಃಖ, ಒಪ್ಪಿಗೆ ಎಲ್ಲವನ್ನೂ ಹೇಳಬೇಕಾದುದು ಕಣ್ಣು, ಹುಬ್ಬು, ನಡಿಗೆ, ಚಹಾದ ಬಟ್ಟಲು ಇಡುವ ರೀತಿಯಿಂದ. ಐಮೆದೊವಾ ಅವರ ನಟನೆ ನಿಂತಿರುವುದೇ ಈ ಪರಂಪರೆಯ ಮೇಲೆ. ಚಿತ್ರದಲ್ಲಿ ಸಂಭಾಷಣೆ ಬಹಳ ಕಡಿಮೆ. ಅಳುವ ದೃಶ್ಯಗಳಿಗಾಗಿ ಕಾಯುವವರಿಗೆ ಇದು ನಿಧಾನ ಎನಿಸಬಹುದು. ನನ್ನ ಮಟ್ಟಿಗೆ ಆ ನಿಧಾನವೇ ಚಿತ್ರದ ಜೀವ.

ಇದರಲ್ಲಿ ಒಂದು ಅನುಕೂಲವೂ ಇತ್ತು. ಗಣರಾಜ್ಯಗಳ ಚಿತ್ರಗಳು ಒಕ್ಕೂಟವಿಡೀ ಓಡಬೇಕಾದರೆ ರಷ್ಯನ್‌ಗೆ ಡಬ್ ಆಗಬೇಕು. ಹೆಚ್ಚಿನ ಸಲ ತುರ್ಕಮೆನ್ ನಟರ ಮುಖಕ್ಕೆ ರಷ್ಯನ್ ನಟರ ದನಿ ಕೂರುತ್ತಿತ್ತು. ಅರ್ಧ ಅಭಿನಯ ಅಲ್ಲೇ ಹೋಯಿತು. ಮಾತು ಕಡಿಮೆ ಇರುವ ಪಾತ್ರದಲ್ಲಿ ಕಳೆದುಹೋಗುವುದೂ ಕಡಿಮೆ. ಮಧ್ಯ ಏಷ್ಯಾದ ಒಳ್ಳೆಯ ಚಿತ್ರಗಳು ಮಾತಿಗಿಂತ ದೃಶ್ಯವನ್ನು ನೆಚ್ಚಿಕೊಂಡದ್ದಕ್ಕೆ ಇದೂ ಒಂದು ಕಾರಣವಿರಬಹುದು.

ಈ ಚಿತ್ರದ ಗೆಲುವಿನ ನಂತರ ನಾರ್ಲಿಯೆವ್ ಹೆಣ್ಣಿನ ಬದುಕನ್ನೇ ನಡುವೆ ಇಟ್ಟ ಚಿತ್ರಗಳನ್ನು ಒಂದರ ಹಿಂದೆ ಒಂದರಂತೆ ಮಾಡಿದರು, ಐಮೆದೊವಾ ಅವುಗಳ ಮುಖವಾದರು. ‘ಹೆಣ್ಣು ಕುದುರೆಗೆ ಜೀನು ಬಿಗಿದಾಗ’ ಸೋವಿಯತ್ ಆಳ್ವಿಕೆಯ ಆರಂಭದ ವರ್ಷಗಳ ಕಥೆ. 1976ರ ‘ಇಲ್ಲ ಎನ್ನಲು ಕಲಿ’ ಹೆಸರಿನಲ್ಲೇ ವಿಷಯ ಹೇಳುತ್ತದೆ. 1980ರಲ್ಲಿ ‘ಜಮಾಲ್‌ಳ ಮರ’ ಬಂತು. ಹೆಣ್ಣುಮಕ್ಕಳ ಬಿಡುಗಡೆ ಎಂಬುದು ಸರ್ಕಾರಕ್ಕೂ ಬೇಕಾದ ವಿಷಯ, ಹಾಗಾಗಿ ಯೋಜನೆಯಲ್ಲಿ ಸುಲಭವಾಗಿ ಸೇರುತ್ತಿತ್ತು. ಒಳಗೆ ಹೋದ ಮೇಲೆ ಘೋಷಣೆಯ ಬದಲು ಒಂಟಿತನದ ಬಗ್ಗೆ ಚಿತ್ರ ಮಾಡಿಕೊಂಡು ಬರುವುದು ನಿರ್ದೇಶಕನ, ನಟಿಯ ಜಾಣ್ಮೆ.

ಬಾಗಿಲು ತೆರೆದ ಕಾಲ, ಬರಿದಾದ ಖಜಾನೆ

1986ರ ಮೇ ತಿಂಗಳಲ್ಲಿ ಸೋವಿಯತ್ ಚಲನಚಿತ್ರಕಾರರ ಸಂಘದ ಐದನೇ ಮಹಾಧಿವೇಶನದಲ್ಲಿ ಹಳೆಯ ನಾಯಕರನ್ನು ಕೆಳಗಿಳಿಸಿದರು. ಗೊರ್ಬಚೆವ್ ಅವರ ಪೆರೆಸ್ತ್ರೊಯಿಕಾ, ಅಂದರೆ ಆಡಳಿತದ ಪುನಾರಚನೆ, ಸಿನಿಮಾಕ್ಕೂ ಬಂತು. ಇದುವರೆಗೆ ಹೇಳಲಾಗದ್ದನ್ನು ಹೇಳಬಹುದಾಯಿತು.

ಆ ಗಾಳಿಯಲ್ಲಿ ಬಂದದ್ದು ನಾರ್ಲಿಯೆವ್ ಅವರ 1990ರ ‘ಮಾನ್‌ಕುರ್ತ್’. ಕಿರ್ಗಿಜ್ ಲೇಖಕ ಚಿಂಗೀಜ್ ಐತ್ಮಾತೊವ್ ಅವರ ಕಾದಂಬರಿಯೊಳಗಿನ ಒಂದು ಐತಿಹ್ಯ ಇದರ ಕಥೆ. ಸೆರೆಸಿಕ್ಕವನ ತಲೆ ಬೋಳಿಸಿ, ಒಂಟೆಯ ಹಸಿ ಚರ್ಮವನ್ನು ಬಿಗಿದು ಬಿಸಿಲಿಗೆ ಬಿಡುತ್ತಾರೆ. ಚರ್ಮ ಒಣಗಿ ತಲೆಯನ್ನು ಹಿಂಡುತ್ತದೆ. ಬದುಕಿ ಉಳಿದವನಿಗೆ ಹೆಸರು, ಊರು, ತಾಯಿ ಯಾವುದೂ ನೆನಪಿರುವುದಿಲ್ಲ. ಒಡೆಯ ಹೇಳಿದ್ದು ಮಾಡುತ್ತಾನೆ. ಅಂಥವನೇ ಮಾನ್‌ಕುರ್ತ್. ಹುಡುಕಿಕೊಂಡು ಬಂದ ತಾಯಿಯನ್ನೇ ಅವನು ಕೊಲ್ಲುತ್ತಾನೆ. ಮಗನಾಗಿ ಟರ್ಕಿಯ ನಟ ತಾರಿಕ್ ತಾರ್ಜಾನ್, ತಾಯಿಯಾಗಿ ಐಮೆದೊವಾ. ಐತ್ಮಾತೊವ್ ಅವರ ಕಾದಂಬರಿ ಬಂದದ್ದು 1980ರಲ್ಲಿ. ಅಷ್ಟರಲ್ಲಾಗಲೇ ಆ ಪದ ತನ್ನ ಭಾಷೆ, ಇತಿಹಾಸ ಮರೆತವರನ್ನು ಕುರಿತು ಒಕ್ಕೂಟದ ಉದ್ದಕ್ಕೂ ಬಳಕೆಯಾಗುತ್ತಿತ್ತು. ಮೂವತ್ತರ ಹರೆಯದಲ್ಲಿ ಗಂಡನಿಗಾಗಿ ಕಾದ ಸೊಸೆಯಾಗಿದ್ದ ನಟಿ ಸುಮಾರು ಐವತ್ತಕ್ಕೆ ಮಗನಿಗಾಗಿ ಮರುಭೂಮಿ ಅಲೆಯುವ ತಾಯಿಯಾದರು.

1991ರ ಅಕ್ಟೋಬರ್ 27ರಂದು ತುರ್ಕಮೆನಿಸ್ತಾನ ಸ್ವತಂತ್ರವಾಯಿತು. ಸಿನಿಮಾಕ್ಕೆ ಇದರಿಂದಾದದ್ದು ಏನು? ಮಾಸ್ಕೋದ ಹಣ ನಿಂತಿತು. ಒಕ್ಕೂಟವಿಡೀ ಹರಡಿದ್ದ ಚಿತ್ರಮಂದಿರಗಳ ಜಾಲ ಕಡಿದುಹೋಯಿತು. ಫಿಲ್ಮು ಕೂಡ ಹೊರಗಿನಿಂದ ತರಬೇಕಾದದ್ದು. ಉಸ್ಮಾನ್ ಸಪಾರೊವ್ 1992ರಲ್ಲಿ, ಯುದ್ಧಕಾಲದಲ್ಲಿ ಜರ್ಮನ್ ಮೂಲದ ಕುಟುಂಬಗಳನ್ನು ಗಡೀಪಾರು ಮಾಡಿದಾಗ ಒಂಟಿಯಾಗಿ ಉಳಿದ ಪುಟ್ಟ ಹುಡುಗನ ಕಥೆಯನ್ನು ತೆರೆಗೆ ತಂದರು. ಆಮೇಲೆ ಇಂಥವು ವಿರಳ.

ಹೊಸ ರಾಷ್ಟ್ರದ ಅಧ್ಯಕ್ಷ ಸಪರ್‌ಮುರಾತ್ ನಿಯಾಜೊವ್ ತಮ್ಮನ್ನು ತುರ್ಕಮೆನ್‌ಬಾಷಿ, ಎಂದರೆ ತುರ್ಕಮೆನರ ನಾಯಕ ಎಂದು ಕರೆಸಿಕೊಂಡರು. 1993ರಲ್ಲಿ ಲಿಪಿ ಮತ್ತೆ ಲ್ಯಾಟಿನ್‌ಗೆ ತಿರುಗಿತು. 2001ರಲ್ಲಿ ಆಪೆರಾ, ಬ್ಯಾಲೆ ನಮ್ಮವಲ್ಲ ಎಂದು ನಿಲ್ಲಿಸಿದರು. 2002ರಲ್ಲಿ ತಿಂಗಳುಗಳ ಹೆಸರೇ ಬದಲಾಯಿತು. ಏಪ್ರಿಲ್‌ಗೆ ಅವರ ತಾಯಿಯ ಹೆಸರು. ಕಥಾಚಿತ್ರ ನಿರ್ಮಾಣ 1990ರ ದಶಕ ಮುಗಿಯುವ ಮೊದಲೇ ಹೆಚ್ಚುಕಡಿಮೆ ನಿಂತುಹೋಗಿತ್ತು. ನಾರ್ಲಿಯೆವ್ ಮಾಸ್ಕೋದಲ್ಲಿ ನೆಲೆಸಿದರು.

ಸೋವಿಯತ್ ಕಾಲದಲ್ಲಿ ಕಥೆ ಕತ್ತರಿಸುತ್ತಿದ್ದ ಸಮಿತಿಯೇ ಸಂಬಳವನ್ನೂ ಕೊಡುತ್ತಿತ್ತು. ಸಮಿತಿ ಹೋದಾಗ ಕತ್ತರಿಯ ಜೊತೆ ಸಂಬಳವೂ ಹೋಯಿತು, ಬದಲಿಗೆ ಬಂದ ಆಡಳಿತದಲ್ಲಿ ಕತ್ತರಿ ಮಾತ್ರ ಉಳಿಯಿತು. ನಟರ ಕೈಯಲ್ಲಿದ್ದ ಒಕ್ಕೂಟದ ಬಿರುದು, ಬಿರುದು ಕೊಟ್ಟ ದೇಶವೇ ಇಲ್ಲದ್ದರಿಂದ, ಗೋಡೆಯ ಮೇಲಿನ ಚೌಕಟ್ಟಿಗೆ ಸೀಮಿತವಾಯಿತು.

ನೆರೆಯವರಿಗೂ ಹೀಗೇ ಆಯಿತೆ?

ಎಲ್ಲ ಕಡೆ ಹಣ ನಿಂತಿತು, ಆದರೆ ಎಲ್ಲರ ದಾರಿ ಒಂದೇ ಆಗಲಿಲ್ಲ. ಕಿರ್ಗಿಜ್‌ಸ್ತಾನದಲ್ಲಿ ಅಕ್ತಾನ್ ಅಬ್ದಿಕಾಲಿಕೊವ್ 1998ರಲ್ಲಿ ಫ್ರೆಂಚ್ ಸಹನಿರ್ಮಾಣದಲ್ಲಿ ‘ಬೆಶ್‌ಕೆಂಪಿರ್’ ಮಾಡಿದರು. ಹಳ್ಳಿಯ ಜನರೇ ನಟಿಸಿದ ಆ ಚಿತ್ರ ಯುರೋಪಿನ ಉತ್ಸವಗಳಲ್ಲಿ ಓಡಾಡಿತು. ಕಝಾಕಿಸ್ತಾನದಲ್ಲಿ ಸರ್ಕಾರಿ ಸ್ಟುಡಿಯೊದ ಜೊತೆಗೆ ಖಾಸಗಿ ನಿರ್ಮಾಪಕರು ಬಂದರು. ಹೊರಗಿನ ಹಣ ಬರಬೇಕಾದರೆ ಹೊರಗಿನವರು ಒಳಬರಬೇಕು, ಒಳಗಿನವರು ಹೊರಹೋಗಬೇಕು, ಚಿತ್ರ ಮುಗಿದ ಮೇಲೆ ಯಾರ ಅಪ್ಪಣೆಯನ್ನೂ ಕಾಯದೆ ತೋರಿಸುವಂತಿರಬೇಕು. ತುರ್ಕಮೆನಿಸ್ತಾನದಲ್ಲಿ ಇದಾವುದೂ ಸುಲಭವಿರಲಿಲ್ಲ. ಅಲ್ಲಿನ ನಟರಿಗೆ ಉಳಿದದ್ದು ರಂಗಭೂಮಿ, ದೂರದರ್ಶನ, ಇಲ್ಲವೇ ವಲಸೆ.

ನಿಯಾಜೊವ್ 2006ರ ಡಿಸೆಂಬರ್‌ನಲ್ಲಿ ತೀರಿಕೊಂಡ ಮೇಲೆ ಬಂದ ಗುರ್ಬಾನ್‌ಗುಲಿ ಬೆರ್ದಿಮುಹಮೆದೊವ್ ತಿಂಗಳುಗಳ ಹಳೆಯ ಹೆಸರನ್ನು ಮರಳಿಸಿದರು. ಆಪೆರಾ, ಸರ್ಕಸ್ಸಿಗೆ ಅನುಮತಿ ಸಿಕ್ಕಿತು, ಸಿನಿಮಾ ನಿರ್ಮಾಣವೂ ಸರ್ಕಾರದ ಆಶ್ರಯದಲ್ಲಿ ಮತ್ತೆ ಶುರುವಾಯಿತು. 2022ರಿಂದ ಅವರ ಮಗ ಸೆರ್ದಾರ್ ಅಧ್ಯಕ್ಷ. ಈಗಲೂ ಚಿತ್ರಕ್ಕೆ ಹಣ ಕೊಡುವುದು, ಕಥೆ ಒಪ್ಪುವುದು, ಕಲಾವಿದನಿಗೆ ಬಿರುದು ನೀಡುವುದು ಎಲ್ಲ ಒಂದೇ ಕೈ. ಮೊದಲು ಅದು ಮಾಸ್ಕೋದಲ್ಲಿತ್ತು, ಈಗ ಅಶ್ಗಾಬಾತ್‌ನಲ್ಲಿದೆ.